ಹಲಗಿ ಬಾರಿಸದೆ ಹೊಕ್ಕ ಹೊಲ

ಆಳೆತ್ತರ ಬೆಳೆದ ಕಬ್ಬಿನೊಳಗೆ ನಾನು ಈಗಲೂ ಕಾಲಿಡುವುದಿಲ್ಲ. ನಮ್ಮದೇ ಹೊಲವಾದರೂ ಬದುವಿನ ಮೇಲೆ ನಿಂತು ಆಳುಗಳ ಜೊತೆ ಮಾತಾಡಿ ಬಂದುಬಿಡುತ್ತೇನೆ. "ಊರ ಮಂದೀನೆಲ್ಲಾ ಹೊಲ ಬಿಡಿಸಿದಾವ, ತನ್ನ ಹೊಲಕ್ಕ ತಾನಽ ಹೆದರ್ತಾನ" ಎಂದು ನನ್ನ ಹೆಂಡತಿ ಬೀಗರ ಮುಂದೆ ನಗುತ್ತಾಳೆ. ನಗಲಿ. ಒಣ ರವದಿ, ಅಂದರೆ ಕಬ್ಬಿನ ಉದುರಿದ ಗರಿ, ಚಟಚಟ ಸಿಡಿಯುವ ಸದ್ದು ಎಲ್ಲಿಂದಾದರೂ ಕೇಳಿದರೆ ಸಾಕು, ನನ್ನ ಕೈ ತಾನಾಗಿ ಮೂಗು ಮುಚ್ಚುತ್ತದೆ. ನಿವೃತ್ತನಾಗಿ ಇಷ್ಟು ವರ್ಷವಾದರೂ ಅದು ಹೋಗಿಲ್ಲ.

ಚಿಕ್ಕೋಡಿ, ನಿಪ್ಪಾಣಿ, ರಾಯಬಾಗ, ಅಥಣಿ ಕೋರ್ಟುಗಳಲ್ಲಿ ಮೂವತ್ತೊಂದು ವರ್ಷ ಬೇಲಿಫ್ ಆಗಿದ್ದವನು ನಾನು. ಕಾಗವಾಡದ ದ್ರಾಕ್ಷಿ ತೋಟಗಳಿಂದ ಅಕ್ಕೋಳದ ತಂಬಾಕಿನ ಹೊಲಗಳವರೆಗೆ ಗೆದ್ದವರಿಗೆ ಸ್ವಾಧೀನ ಕೊಡಿಸುವ ಕಬ್ಜಾ ವಾರಂಟ್ ಹಿಡಿದು ತಿರುಗಿದ್ದೇನೆ. ಗಡಿಯ ಹಳ್ಳಿಗಳಲ್ಲಿ ನಾನು ಬಸ್ಸಿನಿಂದ ಇಳಿಯುವುದೇ ತಡ, ಚಹಾದಂಗಡಿಯಲ್ಲಿ ಯಾರಾದರೊಬ್ಬರು "ಕೋರ್ಟಾಚಾ ಮಾಣೂಸ ಆಲಾ" ಎಂದು ಕಪ್ಪು ಕೆಳಗಿಡುತ್ತಿದ್ದರು. ಕೋರ್ಟಿನ ಮನುಷ್ಯ ಬಂದ! ಆ ಮಾತು ಕೇಳಿದಾಗ ನನ್ನ ಬೆನ್ನು ನೆಟ್ಟಗಾಗುತ್ತಿತ್ತು. ಈಗಲೂ ಸುಳ್ಳು ಹೇಳುವುದಿಲ್ಲ, ನೆನೆದರೆ ನೆಟ್ಟಗಾಗುತ್ತದೆ.

ಹೊಸದಾಗಿ ನೇಮಕವಾದ ಇಬ್ಬರು ಬೇಲಿಫರು ಈಚೆಗೆ ಮನೆಗೆ ಬಂದಿದ್ದರು. ಇಬ್ಬರೂ ಡಿಗ್ರಿ ಮಾಡಿದವರು. ಅವರ ಮೊದಲ ಪ್ರಶ್ನೆ, "ಸರ್, ಡಿಕ್ರಿ ಜಾರಿ ಮಾಡಾಕ ಪೊಲೀಸರು ಇರೂವಾಗ ನಾವ್ಯಾಕ?" ಅವರಿಗೆ ಅಂದು ಪೂರ್ತಿ ಉತ್ತರ ಕೊಡಲಾಗಲಿಲ್ಲ. ಇದು ಆ ಉತ್ತರ.

ನನಗೂ ಈ ಪ್ರಶ್ನೆಯನ್ನು ಮೊದಲ ದಿನವೇ ಕೇಳಿದ್ದರು. ಚಿಕ್ಕೋಡಿಯಲ್ಲಿ ಬಿ.ಎ. ಮುಗಿಸಿ ಕೆಲಸಕ್ಕೆ ಸೇರಿದಾಗ ನನ್ನ ಮೇಲಿದ್ದವರು ನಾಜರ ಗೋವಿಂದರಾಯರು. ನಾಜರ ಎಂದರೆ ಬೇಲಿಫರ ಹಿರಿಯ. ವಾರಂಟ್ ಹಂಚುವವರೂ ಅವರೇ, ನಾವು ಬರೆದು ತಂದ ವರದಿ ಓದಿ ಬೈಯುವವರೂ ಅವರೇ. ಊರು ನಿಪ್ಪಾಣಿ, ಮಾತು ಅರ್ಧ ಮರಾಠಿ.

"ಹೊಲದ ದಾವಾದಾಗ ಜಡ್ಜ್ ಸಾಹೇಬ್ರು ಡಿಕ್ರಿ ಕೊಟ್ರು. ಹೊಲಾ ಬಿಡಿಸಿ ಕೊಡಾವ್ರು ಯಾರೋ?"

"ಪೊಲೀಸರ್ರೀ."

"ಅರೇ ಬಾಬಾ!" ಎಂದು ಹಣೆ ಬಡಿದುಕೊಂಡರು. "ಬಿ.ಎ. ಮಾಡಿ ಬಂದಾನ ನೋಡ್ರಿ. ಇನ್ನೊಮ್ಮೆ ಹೇಳು."

"ತಹಶೀಲ್ದಾರ ಸಾಹೇಬ್ರೇನ್ರಿ?"

"ಹಾಂ, ಇನ್ನ ಪೂಜಾರಿ ಒಬ್ಬಾವ ಉಳದಾನ. ಅವನ ಹೆಸರೂ ಹೇಳಿಬಿಡು."

ಆಮೇಲೆ ಕುರ್ಚಿ ಕೊಟ್ಟು ಕೂರಿಸಿ ಹೇಳಿಕೊಟ್ಟರು. ಡಿಕ್ರಿ ಕೊಟ್ಟ ಕೋರ್ಟೇ ಅದನ್ನು ಜಾರಿ ಮಾಡಬೇಕು. ಅದೂ ತಾನಾಗಿ ಮಾಡುವುದಿಲ್ಲ. ಗೆದ್ದವರು ಜಾರಿಗಾಗಿ ಇನ್ನೊಂದು ಅರ್ಜಿ ಹಾಕಬೇಕು. ಅದಕ್ಕೆ ನಮ್ಮ ಕಡೆ ದರಖಾಸ್ತು ಎನ್ನುತ್ತಾರೆ. ಕೋರ್ಟು ಸೋತವರಿಗೆ ನೋಟಿಸು ಕೊಟ್ಟು, ತಕರಾರು ಕೇಳಿ, ಕಡೆಗೆ ಕಬ್ಜಾ ವಾರಂಟ್ ಬರೆದು ಬೇಲಿಫನ ಕೈಗೆ ಕೊಡುತ್ತದೆ. ಪೊಲೀಸರು ಬರುವುದು ಕೋರ್ಟು ಹೇಳಿದರೆ ಮಾತ್ರ. ಬಂದರೂ ಬೇಲಿಫನ ಮೈಗೆ ಕಾವಲಾಗಿ ನಿಲ್ಲುತ್ತಾರೆ. ಹೊಲ ಬಿಡಿಸುವ ಕೈ ಅವರದಲ್ಲ. ಅಣ್ಣತಮ್ಮಂದಿರು ಕಂದಾಯದ ಜಮೀನು ಪಾಲು ಮಾಡಿಕೊಂಡಾಗ ಮಾತ್ರ ಯಾರಿಗೆ ಎಷ್ಟು ಎಂದು ಕೋರ್ಟು ತೀರ್ಮಾನಿಸಿ ಕಾಗದವನ್ನು ಜಿಲ್ಲಾಧಿಕಾರಿಗೆ ಕಳಿಸುತ್ತದೆ. ಅಳೆದು ಹಂಚುವುದು ಕಂದಾಯ ಇಲಾಖೆಯವರು.

"ಉಳದದ್ದೆಲ್ಲಾ ನಮ್ಮ ಮ್ಯಾಲೆ" ಎಂದರು ನಾಜರರು. "ಮತ್ತ ಒಂದ ಮಾತು. ಕಳ್ಳ ಸುಮ್ಮನ ಬರ್ತಾನ. ಗೂಂಡಾ ಗುಂಪು ಕಟ್ಟಿಕೊಂಡು ಬರ್ತಾನ. ಕೋರ್ಟಿನ ಮನುಷ್ಯ ಹಲಗಿ ಬಾರಿಸಿ ಬರ್ತಾನ. ಸಮಝಲಾ?"

ಅವರ ಕಾಲದಲ್ಲಿ ಕಬ್ಜೆಯ ವರದಿಯ ಮೊದಲ ಸಾಲೇ ಅದು: ಡಂಗುರದ ಹಲಗಿ ಎಲ್ಲಿ ಬಾರಿಸಿದಿರಿ, ಎಷ್ಟು ಗಂಟೆಗೆ, ವಾರಂಟನ್ನು ಯಾರೆದುರು ಓದಿ ಹೇಳಿದಿರಿ. ಆ ಸಾಲು ಖಾಲಿ ಇದ್ದರೆ ಉಳಿದ ಪುಟ ಓದುತ್ತಿರಲಿಲ್ಲ.

ಪೊಲೀಸರ ಕೈ ಯಾಕೆ ಅಲ್ಲ ಎನ್ನುವುದನ್ನು ನಾನು ಪೆಟ್ಟು ತಿಂದೇ ಕಲಿತೆ. ನಿಪ್ಪಾಣಿ ಕಡೆಯ ಒಂದು ಊರು, ಹೆಸರು ಬೇಡ. ಮನೆಯ ಕಬ್ಜೆ ಕೊಡಬೇಕಿತ್ತು. ಸೋತವರು ಕೀಲಿ ಹಾಕಿಕೊಂಡು ಹೋಗಿದ್ದರು. ಬೀಗ ಒಡೆಯಲು ಕೋರ್ಟಿನ ಅಪ್ಪಣೆ ಬೇರೆ ಬೇಕು. ಮತ್ತೊಂದು ದಿನ ಬರಬೇಕಲ್ಲ ಎಂಬ ಬೇಸರದಲ್ಲಿ, ಕಾವಲಿಗೆ ಬಂದಿದ್ದ ಹವಾಲ್ದಾರರಿಗೆ "ನೀವಽ ಒಂದ ಪೆಟ್ಟು ಹಾಕ್ರಿ" ಎಂದುಬಿಟ್ಟೆ. ಒಳ್ಳೆಯ ಮನುಷ್ಯ, ಹಾಕಿದರು. ಎಂಟೇ ದಿನದಲ್ಲಿ ಎದುರಿನ ವಕೀಲರು "ಪೊಲೀಸರು ಮನೆ ಒಡೆದು ಹೊರಹಾಕಿದರು" ಎಂದು ಅರ್ಜಿ ಹಾಕಿ ಕಬ್ಜೆ ರದ್ದು ಮಾಡಿಸಿದರು. ಗೆದ್ದವರು ಹಾಲು ಉಕ್ಕಿಸಿದ್ದ ಮನೆಯ ಕೀಲಿಯನ್ನು ನಾನೇ ಇಸಿದುಕೊಂಡು ಸೋತವರಿಗೆ ವಾಪಸ್ ಕೊಟ್ಟು ಬರಬೇಕಾಯಿತು. ಹವಾಲ್ದಾರರು ದಾರಿಯಲ್ಲಿ ಸಿಕ್ಕಾಗ "ಸಾಹೇಬ್ರ, ತೆಂಗಿನಕಾಯಿ ಒಡೀಲಿಕ್ಕೂ ಇನ್ನ ನನ್ನ ಕರೀಬ್ಯಾಡ್ರಿ" ಎಂದರು.

ಇಷ್ಟೆಲ್ಲ ಕಲಿತ ಮೇಲೂ ನಾನು ಮಾಡಿದ ದೊಡ್ಡ ತಪ್ಪು ಗಂಗವ್ವನ ಹೊಲದ್ದು.

ಆಗ ನಾನು ಅಥಣಿಯಲ್ಲಿದ್ದೆ. ಕೆಲಸಕ್ಕೆ ಸೇರಿ ಇಪ್ಪತ್ತು ವರ್ಷ ದಾಟಿತ್ತು, ಗೋವಿಂದರಾಯರು ನಿವೃತ್ತರಾಗಿದ್ದರು. ಒಂದು ದಿನ ಐವತ್ತು ದಾಟಿದ ಹೆಂಗಸೊಬ್ಬಳು ನಾಜರ ಶಾಖೆಯ ಬಾಗಿಲಿಗೆ ಬಂದು ನಿಂತಳು. ಸತ್ತಿ ಕಡೆಯವಳು. ಗಂಡ ತೀರಿಕೊಂಡ ವರ್ಷವೇ ಗಂಡನ ಚಿಕ್ಕಪ್ಪನ ಮಗ ಭರಮಪ್ಪ ಹೊಳೆದಂಡೆಯ ಅವಳ ಎರಡೂವರೆ ಎಕರೆಯನ್ನು "ನೋಡಿಕೋತೀನಿ ವೈನಿ" ಎಂದು ಅತ್ತಿಗೆಗೆ ಹೇಳಿ ಹಿಡಿದವನು ಬಿಟ್ಟಿರಲಿಲ್ಲ. ಹದಿನಾರು ವರ್ಷ ದಾವೆ ನಡೆಸಿ ಗೆದ್ದಿದ್ದಳು. ಚೀಲದಿಂದ ಡಿಕ್ರಿ ನಕಲು ತೆಗೆದು ನನ್ನ ಮುಂದಿಟ್ಟಳು. ಪ್ಲಾಸ್ಟಿಕ್ಕಿನೊಳಗೆ ಹಾಕಿಸಿ ಲ್ಯಾಮಿನೇಷನ್ ಮಾಡಿಸಿದ್ದಳು!

"ಏನವ್ವಾ ಇದು? ಇದರ ಮ್ಯಾಲೆ ಶಿಕ್ಕಾ ಹೆಂಗ ಹೊಡೀಬೇಕು?"

"ಮಳ್ಯಾಗ ತೊಯ್ಯಬಾರದಂತ ಮಾಡಿಸೀನ್ರಿ. ಎಷ್ಟ್ ಕಡೆ ಹಿಡಕೊಂಡು ಅಡ್ಡಾಡಬೇಕು? ಸ್ಟೇಷನ್ನಿಗೆ ಹೋದೆ, ಇದು ಸಿವಿಲ್ ಐತಿ ಅಂದ್ರು. ತಹಶೀಲ್ದಾರ ಕಚೇರಿಗೆ ಹೋದೆ, ಇದು ಕೋರ್ಟಿಂದು ಐತಿ ಅಂದ್ರು. ಊರ ಹಿರ್ಯಾರ ಹಂತೇಕ ಹೋದೆ, ಇದು ಇಂಗ್ಲಿಷಿನ್ಯಾಗ ಐತಿ ಅಂದ್ರು. ಗೆದ್ದೀನಿ ಅಂತೀರಿ ಎಲ್ಲಾರೂ. ಗೆದ್ದ ಹೊಲಾ ಯಾರ ಕೊಡ್ತಾರ ಅದನ್ನ ಹೇಳ್ರಿ."

"ನಾ ಕೊಡ್ತೀನವ್ವಾ" ಎಂದೆ.

ಹಾಗೆ ಅನ್ನಬಾರದಿತ್ತು. ಕೊಡುವವನು ಕೋರ್ಟು, ನಾನು ಅದರ ಕೈ. ಆದರೆ ಆ ಗಳಿಗೆಯಲ್ಲಿ ಅಂದೆ, ಮತ್ತು ಅಂದದ್ದಕ್ಕೆ ನನಗೇ ಹೆಮ್ಮೆಯಾಯಿತು.

ವಕೀಲರ ಕಡೆ ಕಳಿಸಿ ದರಖಾಸ್ತು ಹಾಕಿಸಿದೆ. ನೋಟಿಸು, ತಕರಾರು ಎಲ್ಲ ಮುಗಿದು ವಾರಂಟ್ ಬಂತು. ಮೊದಲ ಸಲ ಕ್ರಮದಂತೆ ಚಾವಡಿಯ ಮುಂದೆ ಹಲಗಿ ಬಾರಿಸಿ ಹೊಲಕ್ಕೆ ಹೋಗುವುದರೊಳಗೆ ಭರಮಪ್ಪನ ಮನೆಯ ಹೆಂಗಸರು, ಎಮ್ಮೆಗಳು, ಅರ್ಧ ಊರು ಬದುವಿನ ಮೇಲೆ ಸೇರಿತ್ತು. ಭರಮಪ್ಪ ಎತ್ತರದ ಆಳು, ನಲವತ್ತೆಂಟರ ಆಸುಪಾಸು. ಬಾಯಿ ಜೋರು.

"ಬರ್ರಿ ಬರ್ರಿ ಬೇಲಿಫ್ ಸಾಹೇಬ್ರ! ಕಬ್ಬ ಹಚ್ಚಿದಾವ ನಾ, ನೀರ ಹಾಸಿದಾವ ನಾ, ಡಿಕ್ರಿ ಮಾತ್ರ ವೈನಿಗೇನು? ಆ ಹಲಗಿ ನಿಲ್ಲಸ್ರಿ ಮೊದಲ. ಇದೇನ ಮದುವಿ ಮನಿ ಐತೇನು?"

ಹೆಂಗಸರು ಹೊಲಕ್ಕೆ ಅಡ್ಡ ಕೂತರು. ಅಡ್ಡಿಯಾಯಿತೆಂದು ವರದಿ ಬರೆದು ಬಂದೆ. ಕೋರ್ಟು ಪೊಲೀಸ್ ರಕ್ಷಣೆ ಮಂಜೂರು ಮಾಡಿತು. ಅಷ್ಟರಲ್ಲಿ ಹೊಳೆ ಏರಿ ಹೊಲ ಮುಳುಗಿ ಎರಡನೆಯ ವಾರಂಟೂ ವಾಪಸ್ಸಾಯಿತು. ಮೂರನೆಯದು ಬರುವ ಹೊತ್ತಿಗೆ ಕಬ್ಬು ಕಟಾವಿಗೆ ಬಂದಿತ್ತು. ಕೋರ್ಟಿನ ಆದೇಶದಲ್ಲಿ ಸ್ಪಷ್ಟವಿತ್ತು: ನಿಂತ ಪೈರು ಸಮೇತ ಕಬ್ಜೆ ಕೊಡಬೇಕು.

ಆ ದಿನ ಬೆಳಿಗ್ಗೆ ಊರ ಹೊರಗೆ ಬಸ್ಸಿಳಿದಾಗ ಗಂಗವ್ವ ನನ್ನನ್ನು ಬೇವಿನ ಗಿಡದ ಹಿಂದಕ್ಕೆ ಕರೆದಳು.

"ಸಾಹೇಬ್ರ, ಈ ಸಲ ಹಲಗಿ ಬ್ಯಾಡ. ಹಲಗಿ ಸಪ್ಪಳ ಕೇಳಿದ್ರ ಮಂದಿ ಕೂಡ್ತೈತಿ. ಹೊಳಿ ಬಾಜೂಕಿನ ದಾರೀಲೆ ಸುಮ್ಮನ ಹೋಗೂಣು. ಬಾಂದಗಲ್ಲು ನೋಡಿ, ಪಂಚರನ್ನ ಕರದು, ಕಬ್ಜೆ ಕೊಟ್ಟಬಿಡ್ರಿ. ಅವ ಎದ್ದು ಬರೂದ್ರಾಗ ಕೆಲಸ ಮುಗದಿರತೈತಿ."

ಹಲಗಿಯ ಲಕ್ಕಪ್ಪ ಹೆಗಲಿಗೆ ಹಲಗಿ ಹಾಕಿಕೊಂಡು ನಿಂತಿದ್ದ. ನನಗಿಂತ ಹಿರಿಯ. "ಸಾಹೇಬ್ರ, ಬಾರಿಸದ ಹೋಗೂದು ಚಲೋ ಅಲ್ರಿ" ಎಂದ.

"ಹೊಲಕ್ಕ ಹೋದಮ್ಯಾಲೆ ಬಾರಿಸಿದ್ರಾತು ತಗೋ" ಎಂದೆ.

ನನಗೆ ಅದು ಜಾಣತನ ಅನಿಸಿತು. ಇಪ್ಪತ್ತು ವರ್ಷದ ಅನುಭವ, ನನಗೆ ಯಾರು ಹೇಳಬೇಕು? ರಕ್ಷಣೆಗೆ ಬಂದಿದ್ದ ಇಬ್ಬರು ಪೊಲೀಸರಿಗೆ ಜೀಪು ತೆಗೆದುಕೊಂಡು ಡಾಂಬರು ರಸ್ತೆಯ ಕಡೆ ನಿಲ್ಲಲು, ನಾನು ಫೋನು ಮಾಡಿದಾಗ ಬರಲು ಹೇಳಿದೆ. ಸಾಕ್ಷಿಗೆ ಬೇಕಾದ ಪಂಚರನ್ನು ಆಮೇಲೆ ಕರೆದರಾಯಿತು ಎಂದುಕೊಂಡೆ. ನಾನು, ಗಂಗವ್ವ, ಲಕ್ಕಪ್ಪ ಮೂವರೇ ಹೊಳೆಯ ಕಡೆಯಿಂದ ಹೊಲಕ್ಕೆ ಹೊಕ್ಕೆವು.

ಪಕ್ಕದ ಹೊಲದ ಕಬ್ಬೂ ಇದರ ಕಬ್ಬೂ ಕೂಡಿದಲ್ಲಿದ್ದ ಬಾಂದಗಲ್ಲು, ಅಂದರೆ ಗಡಿಯ ಕಲ್ಲು, ಹೊಳೆ ಏರಿದಾಗ ರೇವೆ ಮಣ್ಣಿನಲ್ಲಿ ಮುಚ್ಚಿಹೋಗಿತ್ತು. ಅದನ್ನು ಹುಡುಕುತ್ತ ಸಾಲು ದಾಟಿ ಸಾಲಿಗೆ ಹೋದೆವು. ತಲೆಯ ಮೇಲೆ ಗರಿ, ಕಾಲ ಕೆಳಗೆ ಮೊಣಕಾಲುದ್ದ ಒಣ ರವದಿ. ಸ್ವಲ್ಪ ಹೊತ್ತಿಗೆ ಹೊಳೆ ಯಾವ ಕಡೆ, ರಸ್ತೆ ಯಾವ ಕಡೆ ಎನ್ನುವುದೇ ತಪ್ಪಿತು. ಗಂಗವ್ವ ಬಗ್ಗಿ ಕೈಯಿಂದ ಮಣ್ಣು ಕೆದರುತ್ತ, "ಇಲ್ಲೇ ಇರಬೇಕ್ರಿ, ನನ್ನ ಗಂಡ ಇದರ ಮ್ಯಾಲೆ ಕುಂತು ಬುತ್ತಿ ಉಣ್ಣಾಂವ" ಎನ್ನುತ್ತಿದ್ದಳು.

ಮೊದಲು ವಾಸನೆ ಬಂತು. ಆಮೇಲೆ ಚಟಚಟ.

ಹೊರಗೆ ಏನಾಗಿತ್ತೆಂದು ನನಗೆ ಗೊತ್ತಾದದ್ದು ಆಮೇಲೆ. ರಸ್ತೆಯ ಮೇಲೆ ನಿಂತ ಜೀಪನ್ನು ನೋಡಿ ಭರಮಪ್ಪನಿಗೆ ವಾರಂಟ್ ಬಂತೆಂದು ಅರ್ಥವಾಗಿತ್ತು. ಕಬ್ಬಿನ ನಾಡಿನವರಿಗೆ ನಾನು ಬಿಡಿಸಿ ಹೇಳಬೇಕಾಗಿಲ್ಲ: ಕಬ್ಬಿಗೆ ಬೆಂಕಿ ಬಿದ್ದರೆ ಸರದಿ ಕಾಯುವಂತಿಲ್ಲ, ಕಾರ್ಖಾನೆಯವರು ತಕ್ಷಣ ಕಟಾವಿನ ಟೋಳಿ ಕಳಿಸಿ ಸಾಗಿಸಿಕೊಳ್ಳುತ್ತಾರೆ. ತೂಕದಲ್ಲಿ ಸ್ವಲ್ಪ ಹೋಗುತ್ತದೆ, ಆದರೆ ಕಬ್ಬು ಹೊಲದಿಂದ ಹೋಗಿಬಿಡುತ್ತದೆ, ದುಡ್ಡು ಕಾರ್ಖಾನೆಯಲ್ಲಿ ಹೆಸರಿದ್ದವನಿಗೆ. ಹೊಲ ಹೋದರೂ ಕಬ್ಬು ಬಿಡಬಾರದು ಎಂದುಕೊಂಡ ಭರಮಪ್ಪ ಜೀಪಿಗೆ ಕಾಣದ ಹಾಗೆ ರಸ್ತೆಯ ಕಡೆಯ ಅಂಚಿಗೆ ಕಡ್ಡಿ ಗೀರಿದ್ದ. ಬೇಲಿಫ್ ಜೀಪಿನಲ್ಲಿದ್ದಾನೆ, ಇನ್ನೂ ಹಲಗಿಯೇ ಬಾರಿಸಿಲ್ಲ ಎಂಬುದು ಅವನ ಲೆಕ್ಕ.

ಒಳಗೆ ನಮಗೆ ಕಂಡದ್ದು ಇಷ್ಟೇ: ಗರಿಗಳ ಮೇಲೆ ಆಕಾಶ ಹಳದಿಯಾಯಿತು. ಗಾಳಿ ಬಿಸಿಯಾಯಿತು. ಕಬ್ಬಿನ ಗಣಿಕೆಗಳು ಪಟಾಕಿಯಂತೆ ಸಿಡಿಯತೊಡಗಿದವು. ನಾನು ಒಂದು ಕಡೆ ಓಡಿದೆ, ಅಲ್ಲಿ ಹೊಗೆ. ಇನ್ನೊಂದು ಕಡೆ ಓಡಿದೆ, ಅಲ್ಲೂ ಹೊಗೆ. ಗಂಗವ್ವ ನನ್ನ ಅಂಗಿಯ ತುದಿ ಹಿಡಿದಿದ್ದಳು. ಗರಿಗಳನ್ನು ಸರಿಸಿ ಸರಿಸಿ ನನ್ನ ಅಂಗೈ ಸೀಳಿತ್ತು. ಜೇಬಿನಲ್ಲಿ ಫೋನು ಒದರುತ್ತಿತ್ತು. ತೆಗೆಯಲು ಕೈ ಬರಲಿಲ್ಲ. ಆ ಫೋನಿನ ನಡುಕ ತೊಡೆಯ ಮೇಲೆ ಇಂದಿಗೂ ಬರುತ್ತದೆ, ಜೇಬು ಖಾಲಿ ಇದ್ದಾಗಲೂ.

ಆಗ ಲಕ್ಕಪ್ಪ ಹಲಗಿ ತೆಗೆದ.

ಹಲಗಿ ಬಾರಿಸುವ ಮೊದಲು ಅದರ ಚರ್ಮವನ್ನು ಬೆಂಕಿಗೆ ಹಿಡಿದು ಕಾಯಿಸುತ್ತಾರೆ. ಕಾದಷ್ಟೂ ಬಿಗಿ, ಬಿಗಿಯಾದಷ್ಟೂ ದನಿ. ಅಂದು ಅದನ್ನು ಯಾರೂ ಕಾಯಿಸಬೇಕಾಗಿರಲಿಲ್ಲ. ಮೊದಲ ಪೆಟ್ಟಿಗೇ ಅದು ಗುಂಡು ಹೊಡೆದ ಹಾಗೆ ಸದ್ದು ಮಾಡಿತು. ಅಂಥ ಹಲಗಿಯ ದನಿ ನಾನು ಅದಕ್ಕೆ ಮೊದಲು ಕೇಳಿಲ್ಲ, ಆಮೇಲೂ ಕೇಳಿಲ್ಲ. ಕೆಮ್ಮುತ್ತ, ಕಣ್ಣು ಮುಚ್ಚಿಕೊಂಡು, ಅವನು ಬಾರಿಸುತ್ತಲೇ ಹೋದ.

ಹೊರಗಿನಿಂದ ಯಾರೋ ಕಿರುಚಿದರು: "ಅಯ್ಯಯ್ಯೋ, ಒಳಗ ಮಂದಿ ಅದಾರಲೇ! ಕುಡಗೋಲು ತರ್ರೋ!" ಆಮೇಲೆ ಭರಮಪ್ಪನ ದನಿ, "ಬಾರಸ್ರಿ! ನಿಲ್ಲಸಬ್ಯಾಡ್ರಿ! ಹಲಗಿ ನಿಲ್ಲಸಬ್ಯಾಡ್ರಿ!"

ಅವನೂ ಅವನ ಆಳುಗಳೂ ಹೊಳೆಯ ಕಡೆಯಿಂದ ಕಬ್ಬು ಕಡಿಯುತ್ತ, ಹಲಗಿಯ ದನಿಯ ಗುರುತು ಹಿಡಿದು ಬಂದರು. ಸಾಲುಗಳ ನಡುವಿನಿಂದ ಮೊದಲು ಒಂದು ಕುಡಗೋಲು, ಆಮೇಲೆ ಭರಮಪ್ಪನ ಮುಖ ಕಂಡಿತು. ಮುಖದಲ್ಲಿ ಬಣ್ಣವೇ ಇರಲಿಲ್ಲ. "ವೈನೀ, ನೀನೂ ಅದೀಯೇನ? ಕೈ ಕೊಡು, ಕೈ ಕೊಡು!" ಎಂದು ಗಂಗವ್ವನನ್ನು ಎಳೆದು ಹೆಗಲಿಗೆ ಹಾಕಿಕೊಂಡ. ನನ್ನನ್ನು ಯಾರು ಎಳೆದರೋ ನೆನಪಿಲ್ಲ. ಹೊಳೆಯ ಕೆಸರಿನಲ್ಲಿ ಬಿದ್ದಾಗ ಎಚ್ಚರವಾಯಿತು. ಲಕ್ಕಪ್ಪನ ಹುಬ್ಬುಗಳು ಸುಟ್ಟಿದ್ದವು. ಗಂಗವ್ವನ ಸೀರೆಯ ಸೆರಗು ಕರಕಲಾಗಿತ್ತು. ನನ್ನ ಎರಡೂ ಕೈಗಳಿಗೆ ಬೊಬ್ಬೆ. ಮೂವರೂ ಬದುಕಿದ್ದೆವು.

ಅಥಣಿಯ ಆಸ್ಪತ್ರೆಯಲ್ಲಿ ಸಂಜೆ ಸಬ್ ಇನ್‌ಸ್ಪೆಕ್ಟರ್ ಹೇಳಿಕೆ ಬರೆದುಕೊಳ್ಳಲು ಬಂದರು. ಸೌಮ್ಯ ಮನುಷ್ಯ. ಒಂದೇ ಪ್ರಶ್ನೆ ಕೇಳಿದರು: "ನೀವು ಒಳಗ ಅದೀರಿ ಅಂತ ಅವಂಗ ಗೊತ್ತಿತ್ತೇನ್ರಿ?"

ಗೊತ್ತಿತ್ತು ಎಂದರೆ ಸರ್ಕಾರಿ ನೌಕರನ ಕೊಲೆಗೆ ಯತ್ನ. ಭರಮಪ್ಪ ಜೈಲಿಗೆ. ಗೊತ್ತಿರಲಿಲ್ಲ ಎಂದರೆ ಮರುಪ್ರಶ್ನೆ ಬರುತ್ತದೆ, ಯಾಕೆ ಗೊತ್ತಿರಲಿಲ್ಲ? ಆಗ ನಾನು ಹಲಗಿ ಬಾರಿಸದೆ, ವಾರಂಟ್ ಓದದೆ, ಕಳ್ಳನ ಹಾಗೆ ಹೊಕ್ಕದ್ದನ್ನು ಹೇಳಬೇಕು. ನನ್ನ ನೌಕರಿಯ ಮೇಲೆ ವಿಚಾರಣೆ. ವಾರಂಟ್ ಮೂರನೆಯ ಸಲ ವಾಪಸ್. ಗಂಗವ್ವನ ಹೊಲ ಮತ್ತೆ ಎಷ್ಟು ವರ್ಷಕ್ಕೋ.

ಸಬ್ ಇನ್‌ಸ್ಪೆಕ್ಟರ್ ಕುರ್ಚಿ ತರಲು ಆಚೆ ಹೋದಾಗ ಪಕ್ಕದ ಮಂಚದಿಂದ ಗಂಗವ್ವ ಮೆಲ್ಲಗೆ ಹೇಳಿದಳು: "ಗೊತ್ತಿತ್ತು ಅನ್ರಿ."

"ಗೊತ್ತಿದ್ರ ಹಂಗ್ಯಾಕ ಬೆಂಕ್ಯಾಗ ಓಡಿ ಬಂದನವ್ವಾ? ನಿನ್ನ ಹೊತ್ತುಕೊಂಡು ಹೋದನಲ್ಲ?"

"ಹೊತ್ತುಕೊಂಡು ಹೋದ, ಖರೆ. ಅದಕ್ಕ ನನ್ನ ಹೊಲಾ ಕೊಡ್ತಾನೇನ್ರಿ? ಒಳಗ ಹಾಕಿದ್ರ ಕೊಡ್ತಾನ."

ಅವಳನ್ನು ನಾನು ತಪ್ಪು ಅನ್ನಲಾರೆ. ಹದಿನಾರು ವರ್ಷ ಕಾದವಳು. "ನಾ ಕೊಡ್ತೀನವ್ವಾ" ಎಂದು ಮಾತು ಕೊಟ್ಟವನು ನಾನು. ಸಬ್ ಇನ್‌ಸ್ಪೆಕ್ಟರ್ ಮರಳಿ ಬಂದು ಪೆನ್ನು ಹಿಡಿದು ಕಾಯುತ್ತಿದ್ದರು. ಬ್ಯಾಂಡೇಜಿನೊಳಗೆ ಕೈ ಉರಿಯುತ್ತಿತ್ತು.

"ಗೊತ್ತಿರಲಿಲ್ರಿ" ಎಂದೆ. "ನಾ ಹಲಗಿ ಬಾರಿಸಿರಲಿಲ್ಲ."

ಗಂಗವ್ವ ಗೋಡೆಯ ಕಡೆ ಹೊರಳಿದಳು. ಹೊರಳುವ ಮೊದಲು ಅಂದಳು, "ಬೆಂಕ್ಯಾಗ ಉಳದ ಹೊಲಾ ನಿಮ್ಮ ಬಾಯಾಗ ಸುಟ್ಟಹೋತು ನೋಡ್ರಿ."

ಬೆಂಕಿ ಹಚ್ಚಿದ್ದಕ್ಕೆ ಭರಮಪ್ಪನ ಮೇಲೆ ಆಗಬೇಕಾದ ಸಣ್ಣ ಕೇಸು ಆಯಿತು. ಅದು ಪೊಲೀಸರ ಕೆಲಸ, ಅವರೇ ಮಾಡಿದರು. ನಾನು ನನ್ನ ಕೆಲಸ ಮಾಡಿದೆ. ಕೈ ಬರೆಯುವಂತಾದ ದಿನ ಕೋರ್ಟಿಗೆ ವರದಿ ಬರೆದೆ. ಮೊದಲ ಸಾಲು: "ಹಲಗಿ ಬಾರಿಸಿಲ್ಲ. ವಾರಂಟ್ ಓದಿ ಹೇಳಿಲ್ಲ. ಪಂಚರು ಇರಲಿಲ್ಲ. ತಪ್ಪು ನನ್ನದು." ಆ ನಾಲ್ಕು ಮಾತು ಬರೆಯಲು ಅರ್ಧ ದಿನ ಹಿಡಿಯಿತು. ವಿಚಾರಣೆ ನಡೆಯಿತು, ಶಿಕ್ಷೆಯಾಯಿತು. ಆ ವಿವರದಲ್ಲಿ ನಿಮಗೆ ಕಲಿಯುವಂಥದ್ದೇನೂ ಇಲ್ಲ.

ಕಲಿಯುವಂಥದ್ದು ಆಮೇಲೆ ನಡೆಯಿತು. ಭರಮಪ್ಪನ ವಕೀಲರು ದೊಡ್ಡ ತಕರಾರು ಸಿದ್ಧಮಾಡಿಕೊಂಡು ಬಂದಿದ್ದರು. ಬೇಲಿಫ್ ಕದ್ದು ಹೊಕ್ಕಿದ್ದಾನೆ, ಸುಳ್ಳು ವರದಿ ಕೊಟ್ಟಿದ್ದಾನೆ, ಸಾಕ್ಷಿ ವಿಚಾರಣೆ ಆಗಬೇಕು ಎಂದು. ಅದೊಂದು ಶುರುವಾದರೆ ಎರಡು ಮೂರು ವರ್ಷ ಸುಲಭವಾಗಿ ಎಳೆಯಬಹುದು. ಜಡ್ಜ್ ಸಾಹೇಬರು ನನ್ನ ವರದಿಯ ಮೊದಲ ಸಾಲು ಓದಿ ಹೇಳಿ, "ನೀವು ಹೇಳೋದನ್ನು ಅವರೇ ಬರೆದಿದ್ದಾರೆ. ಇನ್ನು ಯಾವುದರ ವಿಚಾರಣೆ?" ಎಂದರು. ವಕೀಲರು ಫೈಲು ತಿರುವಿದರು, ಮತ್ತೆ ತಿರುವಿದರು, ಕೂತರು. ಅದೇ ವಾರ ಹೊಸ ವಾರಂಟ್ ಬಂತು. ಅದನ್ನು ಬೇರೆಯವರಿಗೆ ಕೊಡಬಹುದಿತ್ತು. ಜಡ್ಜ್ ಸಾಹೇಬರು ನನ್ನ ಹೆಸರಿಗೇ ಬರೆದಿದ್ದರು. ಛೇಂಬರಿಗೆ ಕರೆದು ಒಂದೇ ಮಾತು ಅಂದರು: "ಈ ಸಲ ಊರಿಗೆಲ್ಲ ಕೇಳಿಸಬೇಕು."

ನನ್ನ ಇಡೀ ನೌಕರಿಯಲ್ಲಿ ನನಗೆ ಸಿಕ್ಕ ಗೌರವ ಯಾವುದು ಎಂದು ಯಾರಾದರೂ ಕೇಳಿದರೆ ಆ ವಾರಂಟನ್ನು ತೋರಿಸುತ್ತೇನೆ. ಅದರ ಜೆರಾಕ್ಸ್ ಪ್ರತಿ ನನ್ನ ಟ್ರಂಕಿನಲ್ಲಿದೆ.

ಸರಿಯಾಗಿ ಹನ್ನೊಂದು ಗಂಟೆಗೆ ಚಾವಡಿಯ ಮುಂದೆ ಲಕ್ಕಪ್ಪ ಹಲಗಿ ಬಾರಿಸಿದ. ನಾನು ವಾರಂಟನ್ನು ಗಟ್ಟಿಯಾಗಿ ಓದಿದೆ, ಕನ್ನಡದಲ್ಲಿ ಒಮ್ಮೆ, ಮರಾಠಿಯಲ್ಲಿ ಒಮ್ಮೆ. ಭರಮಪ್ಪನ ಮನೆಗೆ ಹೋಗಿ ಅವನ ಕೈಗೇ ಕೊಟ್ಟು ಓದಲು ಹೇಳಿದೆ. ಆಮೇಲೆ ಎಲ್ಲರೂ ನಡುಹಗಲಲ್ಲಿ, ನಡುಬೀದಿಯಲ್ಲಿ ಹೊಲದ ಕಡೆ ನಡೆದೆವು. ನಾನು ಎಲ್ಲರಿಗಿಂತ ಮುಂದೆ, ಗಟ್ಟಿಯಾಗಿ ಹೆಜ್ಜೆ ಹಾಕಿದೆ.

ಮಂದಿ ಸೇರಿತು, ಅರ್ಧ ಅಲ್ಲ, ಇಡೀ ಊರು. ಆದರೆ ಯಾರೂ ಅಡ್ಡ ಕೂರಲಿಲ್ಲ. ಎಲ್ಲರೆದುರು ಹೇಳಿ ಬಂದವನಿಗೆ ಎಲ್ಲರೆದುರು ಅಡ್ಡ ಬರುವುದು ಅಷ್ಟು ಸುಲಭವಲ್ಲ. ಬೆಂಕಿಯಲ್ಲಿ ತಾನೇ ಹೊತ್ತು ತಂದ ಅತ್ತಿಗೆಗೆ ಅಡ್ಡ ನಿಲ್ಲುವುದು ಇನ್ನೂ ಕಷ್ಟವೋ ಏನೋ. ಇಬ್ಬರು ಪೊಲೀಸರು ನನ್ನ ಹಿಂದೆ ಹತ್ತು ಹೆಜ್ಜೆ ದೂರದಲ್ಲಿ, ಕೈ ಕಟ್ಟಿ ನಿಂತಿದ್ದರು. ಅವರ ಜಾಗ ಅದೇ.

ಸುಟ್ಟ ಕಬ್ಬನ್ನು ಟೋಳಿ ಎಂದೋ ಸಾಗಿಸಿತ್ತು. ಹೊಲ ಬೋಳಾಗಿ ಕರ್ರಗೆ ಬಿದ್ದಿತ್ತು. ಬಾಂದಗಲ್ಲನ್ನು ಮೋಜಣಿಯವರು ಅಳೆದು ತೋರಿಸಿದರು. ನಾನು ನಾಲ್ಕೂ ದಿಕ್ಕಿನ ಗಡಿ ಓದಿದೆ, ಪಂಚರ ಸಹಿ ಹಾಕಿಸಿದೆ, ಒಂದು ಹಿಡಿ ಮಣ್ಣು ತೆಗೆದು ಗಂಗವ್ವನ ಕೈಯಲ್ಲಿಟ್ಟೆ. ಆಸ್ಪತ್ರೆಯ ಆ ಸಂಜೆಯ ನಂತರ ಅವಳು ನನ್ನ ಜೊತೆ ಮಾತಾಡಿರಲಿಲ್ಲ. ಅಂದೂ ಮಾತಾಡಲಿಲ್ಲ. ಕಬ್ಜಾ ಪಾವತಿಗೆ, ಅಂದರೆ ಹೊಲ ಸಿಕ್ಕಿತೆಂಬ ರಸೀತಿಗೆ, ಸಹಿ ಮಾಡಿ, ಪೆನ್ನನ್ನು ಸೆರಗಿನಿಂದ ಒರೆಸಿ ವಾಪಸ್ ಕೊಟ್ಟಳು.

ನಾನು ವರದಿಯಲ್ಲಿ ವೇಳೆ ಬರೆಯುತ್ತಿದ್ದೆ. ಭರಮಪ್ಪ ಹತ್ತಿರ ಬಂದ. ಹೊಲದ ಆ ತುದಿಯಲ್ಲಿ ಅವನ ನೀರಿನ ಪೈಪುಗಳು ಬಿದ್ದಿದ್ದವು, ಹತ್ತಿಪ್ಪತ್ತು.

"ಸಾಹೇಬ್ರ, ಆ ಪೈಪ ನನ್ನವು. ತಗೊಂಡು ಹೋಗಲೇನ್ರಿ?"

"ನನ್ನ ಕೆಲಸ ಮುಗೀತಪಾ" ಎಂದೆ. "ನನ್ನ ಕೇಳಬ್ಯಾಡ. ಹೊಲದ ಒಡತೀನ ಕೇಳು."

ಅವನು ಪೊಲೀಸರ ಕಡೆ ನೋಡಿದ, ಅವರು ಬೇರೆ ಕಡೆ ನೋಡಿದರು. ಹದಿನೆಂಟು ವರ್ಷ ಆ ಹೊಲವನ್ನು ಉತ್ತವನು, ಬಿತ್ತಿದವನು, ಯಾರ ಅಪ್ಪಣೆಯನ್ನೂ ಕೇಳದೆ ಅದರಲ್ಲಿ ಓಡಾಡಿದವನು. ಕಡೆಗೆ ತಲೆಯ ರುಮಾಲು ತೆಗೆದು ಕೈಯಲ್ಲಿ ಹಿಡಿದ.

"ವೈನಿ," ಎಂದ, "ಪೈಪ ಒಯ್ಯಲೇನು?"

ಗಂಗವ್ವ ಕೈಯ ಮಣ್ಣನ್ನು ನೋಡಿಕೊಂಡಳು. ಆಮೇಲೆ ತಲೆಯೆತ್ತಿ ಹೇಳಿದಳು:

"ಒಯ್ಯಿ. ಬದುವಿನ ಮ್ಯಾಲೆ ಹೋಗು ಮತ್ತ. ಹೊಲಾ ತುಳೀಬ್ಯಾಡ."

ಭರಮಪ್ಪ ಬದುವಿನ ಮೇಲೆ ನಡೆದುಹೋದ.